ಬಾಳೆಲೆಗೆ ಬಡಿಸಿದ ಅಮೆರಿಕ

ಇತಿಹಾಸದ ಮೇಷ್ಟ್ರು ತರಗತಿಗೆ ಪುಸ್ತಕ ಹಿಡಿದುಕೊಂಡು ಹೋದರೆ ಯಾರಿಗೂ ತೊಂದರೆಯಿಲ್ಲ. ಮಕ್ಕಳು ನಿದ್ದೆ ಮಾಡುತ್ತಾರೆ, ಅಷ್ಟೆ. ಸೌಟು ಹಿಡಿದುಕೊಂಡು ಹೋದರೆ ಮಾತ್ರ ಏನಾದರೊಂದು ಎಡವಟ್ಟು ಆಗಿಯೇ ತೀರುತ್ತದೆ. ನನಗೆ ಈಗ ಅಭ್ಯಾಸವಾಗಿದೆ. ಯಾವ ಶನಿವಾರ ಏನೂ ಆಗಲಿಲ್ಲವೋ ಆ ದಿನ ಗ್ಯಾಸ್ ಖಾಲಿಯಾಗಿತ್ತು ಎಂದು ಅರ್ಥ.

ನಾನು ಉಡುಪಿಯ ಒಂದು ಕಾಲೇಜಿನಲ್ಲಿ ಅಮೆರಿಕದ ಇತಿಹಾಸ ಕಲಿಸುತ್ತೇನೆ. ಐಚ್ಛಿಕ ವಿಷಯ. ಬೇಕಾದವರು ಹಾಕಿಸಿಕೊಳ್ಳುವ ಉಪ್ಪಿನಕಾಯಿ ಇದ್ದ ಹಾಗೆ. ಬೇಕಾದವರು ವರ್ಷದಿಂದ ವರ್ಷಕ್ಕೆ ಕಡಿಮೆಯಾಗುತ್ತಾ ಬಂದಾಗ ಪ್ರಿನ್ಸಿಪಾಲರು ನನ್ನನ್ನು ಕರೆದು, "ಎಂತಾದರೂ ಮಾಡಿ ಮಾರಾಯ್ರೆ. ವರ್ಷದ ಕೊನೆಗೆ ಪರಿಶೀಲನಾ ಸಮಿತಿ ಬರ್ತದೆ. ಅವರು ಬೇಡ ಅಂದರೆ ನಿಮ್ಮ ವಿಷಯ ಬಂದ್. ನಿಮಗೆ ಹೆಬ್ರಿಯ ನಮ್ಮ ಇನ್ನೊಂದು ಕಾಲೇಜು" ಎಂದರು. ಹೆಬ್ರಿಯ ಮೇಲೆ ನನಗೆ ಸಿಟ್ಟಿಲ್ಲ. ಇನ್ನಂಜೆಯ ಮನೆಯಿಂದ ದಿನಾ ಅಲ್ಲಿಗೆ ಬಸ್ಸಿನಲ್ಲಿ ನೇತಾಡಿಕೊಂಡು ಹೋಗಬೇಕಲ್ಲ ಎಂಬ ಭಯ ಉಂಟು. ಅದಕ್ಕಿಂತ ಹೆಚ್ಚಾಗಿ, ಈ ವಿಷಯವನ್ನು ನಾನು ಪ್ರೀತಿಯಿಂದ ಕಟ್ಟಿ ಬೆಳೆಸಿದ್ದೆ. ಅದು ನನ್ನ ಕಣ್ಣೆದುರೇ ಸಾಯುವುದನ್ನು ನೋಡಲಾರೆ.

ಮನೆಗೆ ಬಂದು ಹೆಂಡತಿಯ ಹತ್ತಿರ ಹೇಳಿಕೊಂಡೆ. "ನಿಮ್ಮ ಪಾಠ ತಿನ್ನುವ ಹಾಗಿದ್ದರೆ ಯಾರಾದರೂ ಬರ್ತಿದ್ದರು" ಎಂದಳು. ಅವಳು ತಮಾಷೆಗೆ ಹೇಳಿದ್ದು. ನಾನು ಗಂಭೀರವಾಗಿ ತೆಗೆದುಕೊಂಡೆ. ಆ ವರ್ಷದಿಂದ ಅಮೆರಿಕದ ಯಾವ ಕಾಲದ ಪಾಠವೋ ಆ ಕಾಲದ ಅಡುಗೆ, ಪ್ರತಿ ಶನಿವಾರ ತರಗತಿಯಲ್ಲೇ. ಬೆಂಚುಗಳು ತುಂಬಿದವು. ಆಮೇಲೆ ಆದದ್ದನ್ನು ಒಂದೊಂದಾಗಿ ಹೇಳುತ್ತೇನೆ.

ಸೈನಿಕರ ಬಿಸ್ಕೆಟು

ಮೊದಲು ಅಂತರ್ಯುದ್ಧ. ಆಗಿನ ಸೈನಿಕರಿಗೆ ಒಂದು ಬಿಸ್ಕೆಟು ಕೊಡುತ್ತಿದ್ದರು. ಹಿಟ್ಟು, ನೀರು, ಉಪ್ಪು, ಮುಗಿಯಿತು. ಎಣ್ಣೆಯಿಲ್ಲ, ಬೆಣ್ಣೆಯಿಲ್ಲ. ಅದನ್ನು ಬಂದೂಕಿನ ಹಿಡಿಯಲ್ಲಿ ಕುಟ್ಟಿ, ಕಾಫಿಯಲ್ಲಿ ನೆನೆಸಿ, ಮೇಲೆ ತೇಲಿದ ಹುಳಗಳನ್ನು ತೆಗೆದು ಬಿಸಾಡಿ ತಿನ್ನುತ್ತಿದ್ದರಂತೆ. ಇದನ್ನು ಮಕ್ಕಳು ಒಮ್ಮೆ ಕಚ್ಚಿ ನೋಡಿದರೆ ಯುದ್ಧದ ಕಷ್ಟ ಹಲ್ಲಿನಿಂದಲೇ ತಲೆಗೆ ಹತ್ತುತ್ತದೆ ಎಂಬುದು ನನ್ನ ಲೆಕ್ಕಾಚಾರ.

ನಮ್ಮಲ್ಲಿ ಓವನ್ ಇಲ್ಲ. ಅಂಬಲಪಾಡಿಯ ಒಬ್ಬ ಬೇಕರಿ ಯಜಮಾನರಿಗೆ ವಿಧಾನ ವಿವರಿಸಿ ಒಪ್ಪಿಸಿದೆ. ಅವರು ಕೇಳುತ್ತಾ ಕೇಳುತ್ತಾ ಮುಖ ಸಿಂಡರಿಸಿದರು. "ಬೆಣ್ಣೆ ಬೇಡವೇ ಬೇಡವಾ ಸಾರ್?" "ಬೇಡ." "ಸ್ವಲ್ಪ ಸಕ್ಕರೆ?" "ಬೇಡ, ಕಲ್ಲಿನ ಹಾಗೆ ಇರಬೇಕು." ಆಗಲಿ ಎಂದರು.

ಶನಿವಾರ ಡಬ್ಬ ಬಂತು. ಮಕ್ಕಳಿಗೆ ಹಂಚಿ, "ಹುಷಾರು, ಹಲ್ಲು ಹೋದೀತು" ಎಂದು ಎಚ್ಚರಿಸಿದೆ. ಒಬ್ಬಳು ಕಚ್ಚಿದಳು. ಕಣ್ಣು ಮುಚ್ಚಿದಳು. "ಇನ್ನೊಂದು ಉಂಟಾ ಸಾರ್?" ಎಂದಳು. ನಾನೂ ಬಾಯಿಗಿಟ್ಟೆ. ಬಾಯಲ್ಲಿಟ್ಟರೆ ಕರಗುತ್ತದೆ! ತುಪ್ಪ, ಏಲಕ್ಕಿ, ನಡುವೆ ಒಂದು ಗೋಡಂಬಿ.

ಬೇಕರಿಗೆ ಓಡಿದೆ. ಯಜಮಾನರು ತಣ್ಣಗೆ, "ನೀವು ಹೇಳಿದ ಹಾಗೆ ಒಂದು ಮಾಡಿ ನೋಡಿದೆ ಸಾರ್. ನಾಯಿ ಮೂಸಿ ಹೋಯಿತು. ನನ್ನ ಬೇಕರಿಯಿಂದ ಅಂಥದ್ದು ಹೊರಗೆ ಹೋದರೆ ನಾಳೆ ನಾನು ಊರಲ್ಲಿ ತಲೆಯೆತ್ತಿ ತಿರುಗುವುದು ಹೇಗೆ?" ಎಂದರು.

ಪರೀಕ್ಷೆಯಲ್ಲಿ ಒಂದು ಪ್ರಶ್ನೆ ಕೇಳಿದ್ದೆ: ಅಂತರ್ಯುದ್ಧ ಅಷ್ಟು ದೀರ್ಘಕಾಲ ನಡೆಯಲು ಕಾರಣಗಳೇನು? ಅರ್ಧ ತರಗತಿ ಮೊದಲ ಕಾರಣವಾಗಿ ಬರೆದದ್ದು, "ಸೈನಿಕರಿಗೆ ಒಳ್ಳೆಯ ಬಿಸ್ಕೆಟು ಸಿಗುತ್ತಿತ್ತು."

ಕೊಲಂಬಸ್ ಬರುವ ಮೊದಲು

ಮನೆಯಲ್ಲಿ ಅಮ್ಮನ ಎದುರು ಪಾಠ ಅಭ್ಯಾಸ ಮಾಡುವ ಚಟ ನನಗೆ. "ಅಮ್ಮಾ, ಮೆಣಸು ನಮ್ಮದಲ್ಲ. ಬಟಾಟೆ, ಟೊಮೆಟೊ, ಸಿಹಿಗುಂಬಳ, ನೆಲಗಡಲೆ, ಗೇರುಬೀಜ, ಪಪ್ಪಾಯಿ, ಯಾವುದೂ ನಮ್ಮದಲ್ಲ. ಎಲ್ಲ ಆ ಕಡೆಯಿಂದ ಹಡಗಿನಲ್ಲಿ ಬಂದದ್ದು" ಎಂದೆ.

ಅಮ್ಮ ಹೂಬತ್ತಿ ಹೊಸೆಯುವುದನ್ನು ನಿಲ್ಲಿಸಲಿಲ್ಲ. "ಅದಕ್ಕೇ ತಿಥಿಗೆ ಬಟಾಟೆ, ಟೊಮೆಟೊ ಹಾಕುವುದಿಲ್ಲ. ನಿನ್ನ ಮುತ್ತಜ್ಜ ಎಲೆಯಲ್ಲಿ ಬಟಾಟೆ ಕಂಡರೆ ಯಾರದೋ ಮನೆಗೆ ಬಂದೆ ಅಂತ ವಾಪಸು ಹೋಗ್ತಾರೆ" ಎಂದರು.

ನಾನು ನಕ್ಕೆ. ನಗಬಾರದಿತ್ತು. ಮರುದಿನ ಊಟಕ್ಕೆ ಕುಳಿತರೆ ಸಾಂಬಾರು ಬೆಳ್ಳಗಿದೆ. ಚಟ್ನಿ ಬೆಳ್ಳಗಿದೆ. ಪಲ್ಯಕ್ಕೆ ಬಣ್ಣವೇ ಇಲ್ಲ. ಹಪ್ಪಳ ಕೇಳಿದರೆ, "ಅದಕ್ಕೂ ಮೆಣಸು ಹಾಕಿದೆ" ಎಂದರು. ಉಪ್ಪಿನಕಾಯಿ? "ಮೆಣಸಿಲ್ಲದ ಉಪ್ಪಿನಕಾಯಿ ಯಾವ ದೇಶದಲ್ಲಿ ಉಂಟು ಮಾರಾಯ?" ಕಾಳುಮೆಣಸಿನ ಸಾರು ಒಂದು ಮಾತ್ರ ನನ್ನ ಪಕ್ಷದಲ್ಲಿತ್ತು. ಸಂಜೆ ಗೋಳಿಬಜೆ ಮಾಡಿದರು. ಒಳಗೆ ಹಸಿಮೆಣಸಿಲ್ಲ, ಜೊತೆಗೆ ಕೊಟ್ಟ ಚಟ್ನಿಯಲ್ಲೂ ಇಲ್ಲ. ಹೀಗೇ ಮುಂದುವರಿಯಿತು. ಅಮ್ಮನ ನಾಲಿಗೆಗೆ ಏನೂ ತೊಂದರೆಯಾದಂತೆ ಕಾಣಲಿಲ್ಲ. ನಾನು ಕಾಲೇಜಿನ ಕ್ಯಾಂಟೀನಿನಲ್ಲಿ ಕದ್ದು ಮೆಣಸಿನ ಪೋಡಿ, ಅಂದರೆ ಬಜ್ಜಿ, ತಿನ್ನುವ ಸ್ಥಿತಿಗೆ ಬಂದೆ.

ಕೊನೆಗೊಂದು ದಿನ ಹೆಂಡತಿ ಬಡಿಸುತ್ತಾ, "ಹೇಗುಂಟು, ಕೊಲಂಬಸ್ ಬರುವ ಮೊದಲಿನ ಊಟ?" ಎಂದು ಕೇಳಿದಳು.

"ಅವನು ಇನ್ನೂ ಸ್ವಲ್ಪ ಬೇಗ ಹೊರಡಬೇಕಿತ್ತು" ಎಂದೆ.

ಅಮೆರಿಕದವನೇ ಬಂದ

ಮಣಿಪಾಲದಲ್ಲಿ ಓದಲು ಬಂದಿದ್ದ ಒಬ್ಬ ಅಮೆರಿಕದ ಹುಡುಗನನ್ನು ಅತಿಥಿಯಾಗಿ ಕರೆದೆ. ಹಳೆಯ ಕಾಲದ ಮೆಕ್ಕೆಜೋಳದ ರೊಟ್ಟಿ ಮಾಡುವ ದಿನ. ಅವನ ಮುತ್ತಾತಂದಿರ ಆಹಾರ ಅಲ್ಲವೇ, ಎರಡು ಮಾತಾಡಲಿ ಎಂದು. ಅವನು ಕಾವಲಿಯನ್ನು ಬಹಳ ಹೊತ್ತು ನೋಡಿ, ಇದೇನು ಎಂದು ನನ್ನನ್ನೇ ಕೇಳಿದ. ನಮ್ಮ ಗೇಟಿನ ಕಾವಲುಗಾರ ಬಾಗಲಕೋಟೆ ಕಡೆಯವನು. ರೊಟ್ಟಿಯ ವಾಸನೆಗೆ ಒಳಗೆ ಬಂದು ನಿಂತಿದ್ದ. ನಾನು ತಟ್ಟಿದ್ದನ್ನು ನೋಡಿ, "ಇದೇನ್ರೀ ಸರ, ರೊಟ್ಟಿ ಹಿಂಗ ತಟ್ಟತಾರೇನು? ಸರೀರಿ ಅತ್ತಾಗ" ಎಂದು ಕೈ ತೊಳೆದು ಕುಳಿತೇಬಿಟ್ಟ. ತನ್ನ ಡಬ್ಬಿಯಿಂದ ಶೇಂಗಾ ಚಟ್ನಿಯನ್ನೂ ತೆಗೆದ. ಅಮೆರಿಕದ ಹುಡುಗ ಮೂರು ರೊಟ್ಟಿ ಮುಗಿಸಿದ. ಕೊನೆಗೆ ಎದ್ದು ನಿಂತು ತರಗತಿಗೆಲ್ಲ ಕೈಮುಗಿದು, ಭಾರತದ ಅಡುಗೆ ಅದ್ಭುತ ಎಂದು ಭಾಷಣ ಮಾಡಿದ.

ಕ್ಷಮಾದಾನ

ಇಂಗ್ಲಿಷ್ ವಿಭಾಗದ ನಮ್ಮ ಸಹೋದ್ಯೋಗಿ ಕಾರ್ಕಳದವರು, ಕೊಂಕಣಿ ಕ್ರೈಸ್ತರ ಮನೆ. ಅವರ ತಂದೆ ಗಲ್ಫಿನಿಂದ ಬಂದು ಮನೆಯಲ್ಲಿ ಬಾತು, ಕೋಳಿ, ಜೊತೆಗೆ ಒಂದು ಟರ್ಕಿ ಕೋಳಿ ಸಾಕಿದ್ದರು. ಅಮೆರಿಕದ ಸುಗ್ಗಿಯ ಕೃತಜ್ಞತೆಯ ಹಬ್ಬಕ್ಕೆ ಟರ್ಕಿಯೇ ಬೇಕು. "ಎಲ್ಲರನ್ನೂ ಮನೆಗೆ ಕರ್ಕೊಂಡು ಬನ್ನಿ, ತಿನ್ನುವವರಿಗೆ ಟರ್ಕಿ, ತಿನ್ನದವರಿಗೆ ಸಣ್ಣ ಮತ್ತು ಕಾಯಿಹಾಲು" ಎಂದರು ಸಹೋದ್ಯೋಗಿ. ಸಣ್ಣ ಅಂದರೆ ಅವರ ಹಬ್ಬದ ಮೆತ್ತನೆಯ ಇಡ್ಲಿ.

ಅಂಗಳದಲ್ಲಿ ನಿಂತು ನಾನು ಪಾಠ ಶುರುಮಾಡಿದೆ. ಸುಮ್ಮನಿರಲಾರದೆ, ಆ ಹಬ್ಬಕ್ಕೆ ಅಲ್ಲಿನ ಅಧ್ಯಕ್ಷರು ಒಂದು ಟರ್ಕಿಗೆ ಕ್ಷಮಾದಾನ ಕೊಟ್ಟು ಬಿಟ್ಟುಬಿಡುವ ಪದ್ಧತಿಯನ್ನೂ ಹೇಳಿಬಿಟ್ಟೆ. ಮಕ್ಕಳು ಪಂಜರದ ಕಡೆ ನೋಡಿದರು. ಟರ್ಕಿ ಮಕ್ಕಳ ಕಡೆ ನೋಡಿತು. ನಮ್ಮ ವಿದ್ಯಾರ್ಥಿ ಸಂಘದ ಅಧ್ಯಕ್ಷೆ ಎದ್ದು ನಿಂತು, "ನಾನು ಅಧ್ಯಕ್ಷೆ. ಕ್ಷಮಿಸಿದ್ದೇನೆ" ಎಂದು ಘೋಷಿಸಿದಳು. ಚಪ್ಪಾಳೆಯೋ ಚಪ್ಪಾಳೆ.

ಮನೆಯ ಯಜಮಾನರು, ಸಹೋದ್ಯೋಗಿಯ ತಂದೆ, ಕತ್ತಿ ಹಿಡಿದು ಹೊರಬಂದವರು ಅಲ್ಲೇ ನಿಂತರು. "ಕ್ಷಮಿಸ್ಲಿಕ್ಕೆ ಅದು ಎಂತ ತಪ್ಪು ಮಾಡಿದೆ ಮೇಷ್ಟ್ರೇ?"

ಮಕ್ಕಳು ಪಂಜರದ ಬಾಗಿಲು ತೆಗೆದೇಬಿಟ್ಟರು. ಅದು ರೆಕ್ಕೆ ಬಿಚ್ಚಿ ನೇರವಾಗಿ ನನ್ನ ಕಡೆಗೇ ಓಡಿ ಬಂತು. ನಾನು ತಿರುಗಿ ಓಡಿದೆ. ತೆಂಗಿನಕಟ್ಟೆ ಹತ್ತುವ ಮೊದಲು ಎಲ್ಲಿ ಕುಕ್ಕಬೇಕೋ ಅಲ್ಲಿ ಸರಿಯಾಗಿ ಕುಕ್ಕಿತು.

ಯಜಮಾನರು ಕೆಳಗೆ ನಿಂತು ಶಾಂತವಾಗಿ ಕೇಳಿದರು: "ಈಗ ತಪ್ಪು ಮಾಡಿತು. ಇನ್ನೊಮ್ಮೆ ಕ್ಷಮಿಸ್ತೀರಾ, ಅಥವಾ ಮಸಾಲೆ ಅರೆಯಲಿಕ್ಕೆ ಹೇಳಲಾ?"

ಸಮಿತಿಯ ಪಂಕ್ತಿ

ಕೊನೆಗೂ ಪರಿಶೀಲನಾ ಸಮಿತಿ ಬಂತು. ಅಧ್ಯಕ್ಷರು ನಿವೃತ್ತ ಪ್ರಾಧ್ಯಾಪಕರು, ತೆಳ್ಳಗಿನ ಮನುಷ್ಯ, ಮುಖದಲ್ಲಿ ನಗುವಿಗೆ ಜಾಗವೇ ಇಲ್ಲ. ಬೆಳಿಗ್ಗೆಯಷ್ಟೇ ಪಕ್ಕದ ವಿಭಾಗದ ಒಂದು ವಿಷಯವನ್ನು ಮುಚ್ಚಿಸಿ ಬಂದಿದ್ದರು.

ನನ್ನ ಯೋಜನೆ ಹೀಗಿತ್ತು. ಸಮಿತಿಯನ್ನು ಸಭಾಂಗಣದಲ್ಲಿ ಪಂಕ್ತಿಯಲ್ಲಿ ಕೂರಿಸಿ, ಬಾಳೆಲೆ ಹಾಕಿ, ಅಮೆರಿಕದ ಇತಿಹಾಸವನ್ನು ಕಾಲಾನುಕ್ರಮದಲ್ಲಿ ಬಡಿಸುವುದು. ಮೊದಲು ಮೂಲನಿವಾಸಿಗಳ ಮೆಕ್ಕೆಜೋಳ, ಬೀನ್ಸ್, ಕುಂಬಳದ ಪಲ್ಯ. ಆಮೇಲೆ ವಲಸೆ ಬಂದವರ ಮೆಕ್ಕೆಜೋಳದ ಸಿಹಿಗಂಜಿ. ಸ್ವಾತಂತ್ರ್ಯದ ಕಾಲಕ್ಕೆ ಬೆಲ್ಲ ಹಾಕಿ ಬೇಯಿಸಿದ ಕಾಳು. ಅಂತರ್ಯುದ್ಧಕ್ಕೆ, ಆಫ್ರಿಕದಿಂದ ಗುಲಾಮರಾಗಿ ಬಂದವರು ಕಲಿಸಿದ ಅಲಸಂಡೆಕಾಳಿನ ಅನ್ನ. ಕೊನೆಗೆ ಆರ್ಥಿಕ ಕುಸಿತ: ಕೆಲಸ ಕಳೆದುಕೊಂಡವರು ಸಾಲಿನಲ್ಲಿ ನಿಂತು ಪಡೆಯುತ್ತಿದ್ದ ನೀರುನೀರಾದ ಬಟಾಟೆ ಸಾರು. ಅದು ಒಂದೇ ಸೌಟು. ಇನ್ನೂ ಬೇಕು ಅನ್ನಿಸುವಾಗ ಇಲ್ಲ ಎನ್ನುವುದೇ ಪಾಠ. ನಾನು ಮೈಕು ಹಿಡಿದು ಒಂದೊಂದು ಕಾಲವನ್ನೂ ವಿವರಿಸುವುದು.

ಬಡಿಸಲು ಪ್ರಿನ್ಸಿಪಾಲರು ಒಬ್ಬ ಭಟ್ಟರನ್ನು ಕರೆಸಿದ್ದರು. ಮದುವೆ ಮುಂಜಿಗಳಲ್ಲಿ ಬಡಿಸಿ ಬಡಿಸಿ ಪಳಗಿದ ಕೈ. ಅವರು ಅಡುಗೆಮನೆಯಲ್ಲಿ ಒಂದೊಂದು ಪಾತ್ರೆ ತೋರಿಸಿ, "ಇದರ ಹೆಸರೆಂತ?" ಎಂದು ಕೇಳಿದರು. "ಅದು ಅಂತರ್ಯುದ್ಧ. ಇದು ಸ್ವಾತಂತ್ರ್ಯ. ಆ ಬಕೆಟಿನಲ್ಲಿ ಆರ್ಥಿಕ ಕುಸಿತ" ಎಂದೆ. ತಲೆಯಾಡಿಸಿದರು. ಅನುಕ್ರಮದ ಬಗ್ಗೆ ಹೇಳಹೋದರೆ, "ಬಡಿಸುವುದನ್ನು ನನಗೆ ಹೇಳಿಕೊಡುವುದು ಬೇಡ" ಎಂದರು.

ನಾನು ಮೈಕಿನಲ್ಲಿ ಮೂಲನಿವಾಸಿಗಳ ಬಗ್ಗೆ ಎರಡು ವಾಕ್ಯ ಹೇಳುವಷ್ಟರಲ್ಲಿ ಭಟ್ಟರು ಎಲೆಯ ಕ್ರಮದಲ್ಲಿ ಹೊರಟಾಗಿತ್ತು. ಕಾಳು ಮೊದಲು, ಪಲ್ಯ ಆಮೇಲೆ, ನಡುವೆ ಅನ್ನ, ಅನ್ನದ ಬೆನ್ನಿಗೇ ಸಾರು. "ಸ್ವಾತಂತ್ರ್ಯ, ಸ್ವಾತಂತ್ರ್ಯ... ಅಂತರ್ಯುದ್ಧ ಬಂತು, ಅಂತರ್ಯುದ್ಧ..." ಎಂದು ಕೂಗುತ್ತಾ ಪಂಕ್ತಿಯುದ್ದಕ್ಕೂ ಗಾಳಿಯ ಹಾಗೆ ಹೋದರು.

"ಅಂತರ್ಯುದ್ಧ ಸ್ವಲ್ಪ ಸಾಕು, ನನಗೆ ಗ್ಯಾಸ್ಟ್ರಿಕ್ ಉಂಟು" ಎಂದರು ಸಮಿತಿಯ ಒಬ್ಬ ಮೇಡಂ. ಪ್ರಿನ್ಸಿಪಾಲರು, "ಸ್ವಾತಂತ್ರ್ಯ ಮುಗಿಯಿತಾ ಭಟ್ರೇ?" ಎಂದು ಕೇಳಿದರು. "ಮುಗಿಯುವುದೆಂತ, ಒಳಗೆ ಇನ್ನೊಂದು ಪಾತ್ರೆ ಉಂಟು." ಸಿಹಿಗಂಜಿಯನ್ನು ಅವರು ಪಾಯಸ ಎಂದು ತೀರ್ಮಾನಿಸಿ ಕೊನೆಗೆ ಇಟ್ಟುಕೊಂಡಿದ್ದರು. ಹೀಗಾಗಿ ವಲಸೆಗಾರರು ಬಂದಿಳಿಯುವ ಮೊದಲೇ ದೇಶ ದಿವಾಳಿಯಾಗಿತ್ತು.

ನಾನು ಮೈಕು ಕೆಳಗಿಟ್ಟೆ. ಇನ್ನು ಹೆಬ್ರಿಯೇ ಗತಿ ಎಂದು ನಿಶ್ಚಯವಾಯಿತು.

ಆಗ ಆರ್ಥಿಕ ಕುಸಿತದ ಎರಡನೆಯ ಸುತ್ತು ಶುರುವಾಯಿತು. ಅಧ್ಯಕ್ಷರು ಎಲೆಯಲ್ಲಿ ಏನನ್ನೂ ಬಿಡದ ಹಳೆಯ ಕಾಲದವರು. ಅವರ ಎಲೆ ಖಾಲಿಯಾದದ್ದು ಭಟ್ಟರ ಕಣ್ಣಿಗೆ ಬಿತ್ತು. "ಇನ್ನೊಂದು ಸೌಟು ಕುಸಿತ, ಸಂಕೋಚ ಮಾಡಬೇಡಿ" ಎಂದು ಅನ್ನ ಹಾಕಿ ಸುರಿದರು. ಅಧ್ಯಕ್ಷರು ಕಷ್ಟಪಟ್ಟು ಮುಗಿಸಿದರು. ಮತ್ತೆ ಸುರಿದರು. ನಾನು ಓಡಿಹೋಗಿ ಭಟ್ಟರ ಕಿವಿಯಲ್ಲಿ, "ಅದು ಬಡತನದ ಊಟ ಭಟ್ರೇ, ಒಂದೇ ಸೌಟು ಕೊಡುವುದು" ಎಂದೆ.

ಅವರು ನನ್ನನ್ನು ಮೇಲಿಂದ ಕೆಳಗೆ ನೋಡಿದರು. "ಬಡತನ ಅವರಿಗಾಯಿತು. ನಮಗೆಂತ ದರಿದ್ರ? ಬಕೆಟ್ ತುಂಬ ಉಂಟು."

ಪಂಕ್ತಿಯಲ್ಲಿ ಎಲ್ಲರದೂ ಮುಗಿಯದೆ ಏಳುವ ಹಾಗಿಲ್ಲ. ಗ್ಯಾಸ್ಟ್ರಿಕ್ ಮೇಡಂ ಇನ್ನೂ ಒಂದೊಂದೇ ಕಾಳು ಹೆಕ್ಕುತ್ತಿದ್ದರು. ಅಧ್ಯಕ್ಷರು ಎಲೆಯ ಮೇಲೆ ಎರಡೂ ಕೈ ಅಡ್ಡ ಹಿಡಿದರು. ಭಟ್ಟರು ಆ ಬದಿಯಿಂದ ಬಂದರು, ಈ ಬದಿಯಿಂದ ಬಂದರು, ಕೊನೆಗೆ ಬೆರಳ ಸಂದಿಯಲ್ಲಿ ಸೌಟು ತೂರಿಸಿದರು. ಅಧ್ಯಕ್ಷರ ಹಣೆಯಲ್ಲಿ ಬೆವರು. ನನ್ನ ಕಡೆ ತಿರುಗಿ ಕೂಗಿದರು:

"ಪಾಸು! ನಿಮ್ಮ ವಿಷಯ ಪಾಸು ಮೇಷ್ಟ್ರೇ! ಮುಚ್ಚುವುದಿಲ್ಲ, ನಡೆಸಿಕೊಂಡು ಹೋಗಿ! ಮೊದಲು ಈ ಮನುಷ್ಯನನ್ನು ಒಳಗೆ ಕರ್ಕೊಂಡು ಹೋಗಿ!"

ಸಂತೋಷಕ್ಕೆ ನನ್ನ ಕಣ್ಣು ಒದ್ದೆಯಾಯಿತು. ಪ್ರಿನ್ಸಿಪಾಲರು ಎಂಜಲು ಕೈಯಲ್ಲೇ ಚಪ್ಪಾಳೆ ತಟ್ಟಿದರು. ಅಧ್ಯಕ್ಷರು ಬದುಕಿದೆ ಎಂದುಕೊಂಡು ಎಲೆಯ ಮೇಲಿನ ಕೈ ತೆಗೆದು ಬೆವರು ಒರೆಸಿಕೊಂಡರು.

"ಪಾಸಾ?" ಭಟ್ಟರ ಮುಖ ಅರಳಿತು. "ಇಷ್ಟು ಒಳ್ಳೆಯ ಸುದ್ದಿ ಹೇಳಿದವರನ್ನು ಹಾಗೇ ಬಿಡ್ಲಿಕ್ಕುಂಟಾ?" ಎಂದು ಬಕೆಟನ್ನೇ ಬಗ್ಗಿಸಿದರು.