ಬಾಗಿಲಿಗೆ ಎಷ್ಟು ಕಪ್ಪು?

ಐಸಿಲ್ಡಾ: ಇದು ಜಮೈಕಾದ ಬಾವುಟಾನಾ, ಎಲೆ ಮೇಲಿಟ್ಟ ಮಾವಿನಹಣ್ಣಾ? ಕಪ್ಪೆಲ್ಲಿ ಹೋಯ್ತು?

ಎವರಾಲ್ಡ್: ಇದೆಯಲ್ಲ. ಎಡಕ್ಕೊಂದು, ಬಲಕ್ಕೊಂದು.

ಐಸಿಲ್ಡಾ: ಅದಾ? ನೊಣ ಅಂತ ಓಡಿಸೋಕೆ ಹೋಗಿದ್ದೆ!

ಕಳೆದ ವರ್ಷದ ಚಂಡಮಾರುತ ಪೋರ್ಟ್ ಆಂಟೋನಿಯೊದಲ್ಲಿದ್ದ ಐಸಿಲ್ಡಾಳ ಊಟದಂಗಡಿಯ ಸೂರನ್ನೇ ಹೊತ್ತೊಯ್ದಿತ್ತು. ನಾಳೆ ಸ್ವಾತಂತ್ರ್ಯ ದಿನ. ಅಂಗಡಿ ಮತ್ತೆ ತೆರೆಯಬೇಕು. ಹೊಸ ಬಾಗಿಲ ತುಂಬ ಬಾವುಟ ಬರೆಯುವ ಕೆಲಸ ಗಂಡ ಎವರಾಲ್ಡನ ಪಾಲಿಗೆ ಬಂದಿತ್ತು.

ಎವರಾಲ್ಡ್: ಸ್ವಾತಂತ್ರ್ಯ ಬಂದ ಅರವತ್ತೆರಡರಲ್ಲಿ ಮೇಷ್ಟ್ರು ಬಾಯಿಪಾಠ ಮಾಡಿಸಿದ್ರು. ಹೊಂಬಣ್ಣ ಅಂದ್ರೆ ಬಿಸಿಲು, ಹಸಿರು ಅಂದ್ರೆ ನೆಲ, ಕಪ್ಪು ಅಂದ್ರೆ ಕಷ್ಟ. ಉಣ್ಣೋ ಜಾಗಕ್ಕೆ ಕಷ್ಟ ಬಳೀಲಾ?

ಐಸಿಲ್ಡಾ: ಆ ಅರ್ಥ ತೊಂಬತ್ತಾರರಲ್ಲೇ ಹೋಯ್ತು. ಈಗ ಕಪ್ಪು ಅಂದ್ರೆ ನಮ್ಮ ಜನರ ಬಲ, ಜಾಣತನ.

ಎವರಾಲ್ಡ್: ನಂಗ್ಯಾರೂ ಹೇಳಲಿಲ್ಲ.

ಐಸಿಲ್ಡಾ: ನಾನೇ ಹೇಳಿದ್ದೆ. ನೀನು ಡಾಮಿನೋ ಆಡ್ತಿದ್ದೆ.

ಎವರಾಲ್ಡ್: ಸರಿ, ಅರ್ಥ ಬದಲಾಯಿಸಿದ್ರು. ಕಷ್ಟ ಬದಲಾಯ್ತಾ?

ಐಸಿಲ್ಡಾ ತೋಳನ್ನು ಅವನ ಮೂಗಿನ ಹತ್ತಿರ ಹಿಡಿದಳು.

ಐಸಿಲ್ಡಾ: ನೋಡು ಈ ಬಣ್ಣ. ಇದು ಕಷ್ಟಾನಾ?

ಎವರಾಲ್ಡ್: ನಲವತ್ತು ವರ್ಷ ಸಂಸಾರ ಮಾಡಿದವನನ್ನ ಆ ಪ್ರಶ್ನೆ ಕೇಳಬಾರದು.

ಅಷ್ಟರಲ್ಲಿ ವ್ಯಾನು ಓಡಿಸುವ ಲಿನ್ವಲ್, ಒಳಗೆ ಹುರಿಯುತ್ತಿದ್ದ ಮೀನಿನ ವಾಸನೆ ಹಿಡಿದು ಬಂದ.

ಐಸಿಲ್ಡಾ: ಸರಿಯಾದ ಹೊತ್ತಿಗೆ ಬಂದೆ. ಹೇಳು, ಕಪ್ಪು ಹೇಗಿರಬೇಕು?

ಲಿನ್ವಲ್: ಸಕ್ಕರೆ ಹಾಕದೆ, ಮಿಸ್ ಐಸಿ. ಸ್ವಲ್ಪ ಬಿಸಿಯಾಗಿ.

ಐಸಿಲ್ಡಾ: ಕಾಫಿಯಲ್ಲಪ್ಪಾ! ಬಾವುಟ!

ಲಿನ್ವಲ್ ಬಾಗಿಲು ನೋಡಿದ, ಇಬ್ಬರ ಮುಖ ನೋಡಿದ.

ಲಿನ್ವಲ್: ಮೊದಲು ಮೀನು ತಿಂದುಬಿಡ್ತೀನಿ. ಆಮೇಲೆ ಯಾರ ಕಡೆ ಬೇಕಾದ್ರೂ ಮಾತಾಡ್ತೀನಿ.

ಎವರಾಲ್ಡ್ ನಗಲಿಲ್ಲ. ಕುಂಚವನ್ನು ಡಬ್ಬಿಯ ಅಂಚಿಗೆ ಒರೆಸುತ್ತ ನಿಂತ.

ಎವರಾಲ್ಡ್: ಆವತ್ತು ನೀನು ಸೂರಿಲ್ಲದ ಅಡಿಗೆಮನೇಲಿ, ನೀರಲ್ಲಿ ನಿಂತಿದ್ದೆ, ಐಸಿ. ಒಂದು ಮಾತೂ ಆಡಲಿಲ್ಲ. ನೀನು ಸುಮ್ಮನಿದ್ದದ್ದನ್ನ ನಾನು ನೋಡಿದ್ದು ಅದೊಂದೇ ಸಲ. ಆ ದಿನಾನ ಮತ್ತೆ ಬಾಗಿಲ ಮೇಲೆ ಬರೀಬೇಕಾ?

ಐಸಿಲ್ಡಾಳ ದನಿ ಇಳಿಯಿತು.

ಐಸಿಲ್ಡಾ: ಈ ಹೊಸ ಸೂರಿನ ತಗಡನ್ನೆಲ್ಲ ಗುಡ್ಡ ಹತ್ತಿಸಿ ತಂದದ್ದು ಯಾರ ಬೆನ್ನು?

ಎವರಾಲ್ಡ್: ನಂದು. ಈಗಲೂ ನೋಯತ್ತೆ.

ಐಸಿಲ್ಡಾ: ಮೊಳೆ ಹೊಡೆದದ್ದು?

ಎವರಾಲ್ಡ್: ನಾನು. ಲಿನ್ವಲ್ ಏಣಿ ಹಿಡಿದ.

ಲಿನ್ವಲ್: ಹೌದು, ಮಿಸ್ಟರ್ ಎವರಾಲ್ಡ್ ಎರಡು ಸಲ ನನ್ನ ತಲೆ ಮೇಲೇ ಸುತ್ತಿಗೆ ಬೀಳಿಸಿದ್ರು.

ಐಸಿಲ್ಡಾ: ಕಪ್ಪು ಅಂದ್ರೆ ಅದೇ ಕಣೋ. ಚಂಡಮಾರುತ ಅಲ್ಲ. ಮಾರನೇ ದಿನ ಎದ್ದು ಸುತ್ತಿಗೆ ಹುಡುಕಿದವನು. ನೀನು ನಿನ್ನನ್ನೇ ನೊಣದಷ್ಟು ಮಾಡಿ ಬರೆದಿದ್ದೀಯ.

ಎವರಾಲ್ಡ್ ಕಪ್ಪು ಬಣ್ಣದ ಡಬ್ಬಿಯನ್ನು ಹತ್ತಿರಕ್ಕೆ ಎಳೆದುಕೊಂಡ. ಐಸಿಲ್ಡಾ ಕಣ್ಣೊರೆಸಿಕೊಂಡು ಮೀನು ಮಗುಚಲು ಒಳಗೆ ಹೋದಳು.

ತಟ್ಟೆ ಹಿಡಿದು ಹೊರಗೆ ಬಂದಾಗ ಎಡದಿಂದಲೂ ಬಲದಿಂದಲೂ ಕಪ್ಪು ಹೊಂಬಣ್ಣದ ಮೇಲೇ ಹತ್ತಿ ಬಾಗಿಲ ನಡುವಿನವರೆಗೆ ಬಂದಿತ್ತು. ಎವರಾಲ್ಡ್ ಎದೆಯುಬ್ಬಿಸಿ ಇನ್ನೂ ಬಳಿಯುತ್ತಲೇ ಇದ್ದ.

ಐಸಿಲ್ಡಾ: ಸಾಕೋ ಮಾರಾಯ, ನಿಲ್ಲಿಸು! ಸೂರ್ಯಂಗೂ ಒಂಚೂರು ಜಾಗ ಬಿಡು!