ನಮ್ಮವ್ವ ದೊಡ್ಡಾಕಿ ಆಗಬೇಕಾಗಿತ್ತು

ಮನ್ಯಾಗ ಒಂದು ಕೋರ್ಟ್ ಕೇಸ್ ಇತ್ತಂದ್ರ ಹೆದರಿಕಿ ಬಿಟ್ಟು ಬ್ಯಾರೆ ಏನೂ ಇರೂದಿಲ್ಲ. ಆದ್ರ ನಮ್ಮ ಮನ್ಯಾಗ ಹೆದರಿದಾಗೊಮ್ಮೆ ಏನರೆ ಒಂದು ಫಜೀತಿ ಆಗಿ, ನಗಬಾರದ ಜಾಗಾದಾಗ ನಗು ಬರ್ತೈತಿ. ನಗು ತಡದು ತಡದು ನನ್ನ ದವಡಿನ ನೋಯಾಕತ್ತೈತಿ.

೧. ಅಕ್ಕ, ತಂಗಿ

ನಮ್ಮವ್ವ ಗುಂಜಿ ಕಡೆ ಒಂದು ಸರ್ಕಾರಿ ಸಾಲ್ಯಾಗ ಟೀಚರು. ದಿನಾ ಖಾನಾಪುರದಿಂದ ಹೋಗಿ ಬರ್ತಾಳ. ಈ ವರ್ಷ ಸಾಲ್ಯಾಗ ಹುಡುಗರು ಕಡಿಮಿ ಆದ್ರು. ಇರೂ ಇಬ್ಬರು ಟೀಚರೊಳಗ ಒಬ್ಬರು ಹೆಚ್ಚುವರಿ; ಜೂನಿಯರ್ ಆದಾಕಿ ದೂರದ ತಾಲೂಕಿಗೆ ಹೋಗಬೇಕು. ಇಬ್ಬರೂ ಕೆಲಸಕ್ಕ ಸೇರಿದ್ದು ಒಂದ ದಿನ. ಹಂಗಿದ್ದಾಗ ವಯಸ್ಸಿನ್ಯಾಗ ದೊಡ್ಡಾಕಿನ ಸೀನಿಯರ್ ಅಂತ. ಕಚೇರಿ ಪಟ್ಟಿಯೊಳಗ ಅವ್ವನ ಹೆಸರು ಕೆಳಗ ಬಂತು. ಅವ್ವ ಬೆಳಗಾವಿಗೆ ಹೋಗಿ ಕೇಸ್ ಹಾಕಿದಳು. ಸೋತ್ರ ಆಕಿ ಊರು ಬಿಡಬೇಕು, ನಾನು ಅಪ್ಪ ಮಾಡಿದ ಅಡಗಿ ಉಣ್ಣಬೇಕು. ಯಾವುದು ಹೆಚ್ಚು ಭಯಂಕರ ಅಂತ ನನಗ ಇನ್ನೂ ಗೊತ್ತಾಗಿಲ್ಲ.

ಆ ಇನ್ನೊಬ್ಬ ಟೀಚರು ಮೊದಲಿನಿಂದ ಅವ್ವಗ "ಅಕ್ಕಾ" ಅಂತಿದ್ರು. ಅವ್ವ ಪ್ರತಿ ಸಲ ಉರಿದು ಬೀಳ್ತಿದ್ದಳು: "ಯಾರಿಗೆ ಅಕ್ಕ ಅಂತಿ? ನಾ ನಿನಗಿಂತ ಸಣ್ಣಾಕಿ!"

ಕೇಸ್ ಹಾಕಿದ ಮರುದಿನ ಆ ಟೀಚರು ಸಾಲಿ ಬಾಗಲದಾಗ ನಿಂತು, "ಬಾರವಾ ತಂಗಿ" ಅಂದ್ರಂತ. ಅವ್ವಗ ಜೀವ ಝಲ್ ಅಂತು. ಮನಿಗೆ ಬಂದಾಕಿನ ತಲಿಗೆ ಹಚ್ಚೂ ಕರೇ ಬಣ್ಣದ ಡಬ್ಬಿ ಕಸಕ್ಕ ಒಗದಳು. ವಕೀಲರು ಫೋನಿನ್ಯಾಗ, "ಬಾಯಾರ, ಕೋರ್ಟು ಕೂದಲಾ ನೋಡೂದಿಲ್ರಿ" ಅಂದ್ರು.

ಅಪ್ಪ ಬಗ್ಗಿ ಡಬ್ಬಿ ಎತ್ತಿಕೊಂಡ. "ಹಂಗಾದ್ರ ನಾ ಹಚ್ಕೋತೀನಿ ಬಿಡು. ಮನ್ಯಾಗ ಒಬ್ಬರರೆ ಸಣ್ಣವರು ಇರ್ಲಿ."

೨. ಖಾಕಿ ಲಕೋಟಿ

ನಾನು ಹತ್ತನೇ ಕ್ಲಾಸಿನ್ಯಾಗ ಎರಡು ಸಲ ನಪಾಸಾಗಿ ಮನ್ಯಾಗ ಕುಂತಾಂವ. ಕೈ ಸುಮ್ನ ಇರೂದಿಲ್ಲ. ಒಂದಿನ ಖಾಕಿ ಲಕೋಟಿಯೊಳಗ ಖಾಲಿ ಹಾಳಿ ಹಾಕಿ, ಮ್ಯಾಲೆ "ಅರ್ಜೆಂಟ್" ಅಂತ ಬರದು, ಬಾಗಲ ಸಂದಿಯಿಂದ ಒಳಗ ತಳ್ಳಿದೆ. ಅವ್ವ ಒಡದು ನೋಡಿ ಬೆನ್ನಿಗೆ ಎರಡು ಕೊಡ್ತಾಳ, ಮುಗೀತು ಅಂದ್ಕೊಂಡಿದ್ದೆ.

ಅವ್ವ ಒಡೀಲೇ ಇಲ್ಲ. ಕೋರ್ಟಿಂದ ಬಂದದ್ದು ಅಂದ್ಕೊಂಡು ಗ್ವಾಡಿ ಹಿಡದು ಕುಂತಳು. ಲಕೋಟಿ ದೇವರ ಮುಂದ ಇಟ್ಟು ಎರಡು ದಿನ ಬರೇ ಚಾ ಕುಡದಳು. ಖರೇ ಹೇಳೂಣು ಅಂದ್ರ ನನ್ನ ನಾಲಗಿ ಏಳವಲ್ದು. ಮೂರನೇ ದಿನ, "ಇದನ್ನ ಒಡೀದ ವಕೀಲರಿಗೆ ಮುಟ್ಟಿಸಿ ಬಾರೋ" ಅಂತ ನನ್ನ ಕೈಯಾಗ ಕೊಟ್ಟಳು. ನನ್ನ ಲಕೋಟಿ ನಾನ ಹೊತ್ಕೊಂಡು ಬೆಳಗಾವಿ ಬಸ್ ಹತ್ತಿದೆ.

ವಕೀಲರು ಒಡದ್ರು. ಖಾಲಿ ಹಾಳಿ ಮುಂದ ನೋಡಿದ್ರು, ಹಿಂದ ನೋಡಿದ್ರು. ಚಾಳೀಸ ಒರಸಿ ಹಾಕ್ಕೊಂಡು ಮತ್ತ ನೋಡಿದ್ರು. ಆಮ್ಯಾಲ ಗಂಭೀರಾಗಿ ತಲಿ ಆಡಿಸಿ ಅಂದ್ರು, "ಇದಕ್ಕ ಉತ್ತರಾ ಕೊಡಾಕ ಎರಡು ವಾರ ಟೈಮ್ ಕೇಳೂಣು."

೩. ಉದ್ದನ್ನ ಕೈ

ಕಾಗದಪತ್ರ ಬಂದು ನೋಡಿದ್ರ, ಇಬ್ಬರ ಹುಟ್ಟಿದ ದಿನಾನೂ ಜೂನ್ ಒಂದು. ವರ್ಷಾನೂ ಒಂದ! ಸಣ್ಣಾಕಿದ್ದಾಗ ಅವ್ವನ ಹೆಸರು ಸಾಲಿಗೆ ಹಚ್ಚಿದ ಮುದುಕ ಮಾಸ್ತರು ಪಾರಿಶ್ವಾಡದಾಗ ಇನ್ನೂ ಅದಾರ ಅಂತ ತಿಳದು, ಖರೇ ವಯಸ್ಸು ಬರಿಸ್ಕೊಂಡು ಬಾ ಅಂತ ವಕೀಲರು ನನ್ನ ಅಟ್ಟಿದ್ರು.

ಮಾಸ್ತರು ನಕ್ಕರು. "ಸಾಲಿ ಶುರು ಆಗೂದು ಜೂನ್ ಒಂದಕ್ಕ. ಹಿಂಗಾಗಿ ನಾವು ಮಾಸ್ತರು ಎಲ್ಲಾ ಹುಡುಗರನ್ನೂ ಅವತ್ತ ಹುಟ್ಟಿಸಿಬಿಡ್ತಿದ್ವಿ."

"ವಯಸ್ಸು ಹೆಂಗ ಹಿಡೀತಿದ್ರಿ ಸರ?"

"ಕೈ ತಲಿ ಮ್ಯಾಲಿಂದ ಹೋಗಿ ಆ ಕಡೆ ಕಿವಿ ಮುಟ್ಟಿದ್ರ ಆರು ವರ್ಷ. ನಿಮ್ಮವ್ವನ ಕೈ ಭಾಳ ಉದ್ದ, ಲಗೂನ ಮುಟ್ಟಿತು. ಖರೇ ನೋಡಿದ್ರ ಆಕೀಗೆ ಆವಾಗ ನಾಕೂ ತುಂಬಿದ್ದಿಲ್ಲ. ತಡಿ, ಬರದ ಕೊಡ್ತೀನಿ."

ಅವರು ಪೆನ್ ಹುಡಕೂದರೊಳಗ ನಾ ಬಸ್ ಸ್ಟ್ಯಾಂಡಿನ್ಯಾಗ ಇದ್ದೆ.

೪. ಆಖೇರಿ ದಿನ

ಕೋರ್ಟಿನ್ಯಾಗ ಖಾಲಿ ಇದ್ದದ್ದು ಒಂದ ಬೆಂಚು. ಅವ್ವ ಈ ತುದಿಗೆ, ಆ ಟೀಚರು ಆ ತುದಿಗೆ. ಇಬ್ಬರ ಮುಖದಾಗೂ ರಕ್ತ ಇದ್ದಿದ್ದಿಲ್ಲ.

ನ್ಯಾಯಾಧೀಶರು ಕೇಳಿದ್ರು, "ಜನ್ಮದಿನಾಂಕ ಒಂದೇ ಇದೆ. ಇಬ್ಬರಲ್ಲಿ ಹಿರಿಯರು ಯಾರು ಎನ್ನುವುದಕ್ಕೆ ಏನಿದೆ?"

ನಮ್ಮ ವಕೀಲರು ಎದ್ದರು. "ಸ್ವಾಮಿ, ಎದುರುದಾರರೇ ನಮ್ಮ ಬಾಯಾರಿಗೆ ಅಕ್ಕ ಅಂತ ಕರೀತಿದ್ರು."

"ಸುಳ್ಳು! ತಂಗಿ ಅಂತಾರ!" ಅಂದ್ರು ಆ ಕಡೆ ವಕೀಲರು.

ನ್ಯಾಯಾಧೀಶರು ತಲಿ ಬಗ್ಗಿಸಿ ಬರೆಯಾಕ ಶುರು ಮಾಡಿದ್ರು. ಪೆನ್ನಿನ ಸಪ್ಪಳ ಅಷ್ಟ. ಆ ಟೀಚರಿಗೆ ತಡೀಲಿಕ್ಕೆ ಆಗಲಿಲ್ಲ. ಬೆಂಚಿನ ಮ್ಯಾಲೆ ಸರಕೊಂಡು ಬಂದು ಅವ್ವನ ಕೈ ಗಟ್ಟಿ ಹಿಡದು, ಅಳು ದನಿಲೆ ಅಂದ್ರು, "ಅಕ್ಕಾ, ನನಗ ಭಾಳ ಹೆದರಿಕಿ ಆಗಾಕತ್ತೈತಿ!"

ಇಡೀ ಕೋರ್ಟಿಗೆ ಕೇಳಿಸ್ತು. ಪೆನ್ ನಿಂತಿತು. ನಮ್ಮ ವಕೀಲರ ಮುಖಾ ಅರಳಿತು. ಗೆದ್ವಿ! ಅಪ್ಪನ ಅಡಗಿ ತಪ್ಪಿತು ಅಂತ ನಾ ಉಸಿರು ಬಿಟ್ಟೆ.

ಅಷ್ಟರಾಗ ಅವ್ವ ಕೈ ಕೊಸರಿಕೊಂಡು ಎದ್ದು ನಿಂತು ಒದರಿದಳು, "ಯಾರಿಗೆ ಅಕ್ಕ ಅಂತಿ? ನಾ ನಿನಗಿಂತ ಸಣ್ಣಾಕಿ!"

ನ್ಯಾಯಾಧೀಶರು ಚಾಳೀಸ ತೆಗೆದು ನಮ್ಮ ವಕೀಲರನ್ನ ನೋಡಿದ್ರು. ವಕೀಲರು ಮೆಲ್ಲಕ ಅಂದ್ರು, "ಎರಡು ವಾರ ಟೈಮ್ ಬೇಕು, ಸ್ವಾಮಿ."