ತವರಿಗೆ ಹೊರಟ ನೀರು

ರಜೆ ಸಿಗಲಿಲ್ಲ ಎಂದು ಹೆಂಡತಿಗೆ ಹೇಳುವುದಕ್ಕಿಂತ ಭೂಗೋಳ ಹೇಳುವುದು ಸುಲಭ ಎಂದು ನಂಬಿದ ಗಂಡಂದಿರು ಎಷ್ಟಿದ್ದಾರೋ ಗೊತ್ತಿಲ್ಲ, ನಾನಂತೂ ಒಬ್ಬ. ನಮ್ಮ ಕಡೆ ನಾಗರಪಂಚಮಿ ಬಂತೆಂದರೆ ಹೆಣ್ಣುಮಕ್ಕಳು ತವರಿಗೆ ಹೋಗಲೇಬೇಕು, ಜೋಕಾಲಿ ಜೀಕಲೇಬೇಕು, ಉಂಡಿ ತಿನ್ನಲೇಬೇಕು. ನನ್ನ ಹೆಂಡತಿ ಶಾಂತಾಳ ತವರು ಅಫಜಲಪುರದ ಕಡೆ, ಭೀಮಾ ಹೊಳೆಯ ದಂಡೆಯಲ್ಲಿ. ಪ್ರತಿ ವರ್ಷ ಕರೆಯಲು ಬರುವ ಅವಳ ಅಣ್ಣ ಈ ಸಲ ಕಾಲು ಉಳುಕಿಸಿಕೊಂಡು ಮಲಗಿದ್ದ. ಯಾರೂ ಕರೆಯಲು ಬರದೆ ಹೆಣ್ಣುಮಗಳು ಒಬ್ಬಳೇ ಹೋಗುವುದು ಪದ್ಧತಿಯಲ್ಲ, ನಾನೇ ಕರೆದೊಯ್ಯಬೇಕು. ಪುಣೆ ಹತ್ತಿರದ ಚಾಕಣದ ಕಾರ್ಖಾನೆಯ ಗುಮಾಸ್ತನಾದ ನಾನು ರಜೆ ಕೇಳಿದರೆ ಸಾಹೇಬರು, ನಾಗಪ್ಪನಿಗೆ ಹಾಲೆರೆಯಲು ಊರಲ್ಲಿ ಬೇರೆ ಯಾರೂ ಇಲ್ಲವೇ ಎಂದು ಮರಾಠಿಯಲ್ಲಿ ನಕ್ಕುಬಿಟ್ಟರು.

ಸಮಾಧಾನಕ್ಕೆಂದು ಭಾನುವಾರ ಅವಳನ್ನು ತಾಮ್ಹಿಣಿ ಘಾಟಿಗೆ ಕರೆದೊಯ್ದೆ. ಮಳೆಗಾಲದಲ್ಲಿ ಅರ್ಧ ಪುಣೆ ಅಲ್ಲಿ ತೊಯ್ಯುತ್ತ ಸುಟ್ಟ ಮೆಕ್ಕೆತೆನೆ ತಿನ್ನುತ್ತಿರುತ್ತದೆ. ಈ ಸಹ್ಯಾದ್ರಿ ಹಿಮಾಲಯವೂ ಅಲ್ಲ, ದಿಬ್ಬವೂ ಅಲ್ಲ. ಮೆಟ್ಟಿಲು ಮೆಟ್ಟಿಲಾಗಿ ಏರಿ, ಶಿಖರ ಬರಬೇಕಾದಲ್ಲಿ ನನ್ನ ನೌಕರಿಯ ಹಾಗೆ ಸಪಾಟಾಗಿ ನಿಂತುಬಿಡುತ್ತದೆ. ನಾನು ಗಂಟಲು ಸರಿಮಾಡಿಕೊಂಡು, “ನೋಡು, ಆ ಕಡೆ ಬಿದ್ದ ಮಳಿ ಕೊಂಕಣಕ್ಕ ಇಳದು ಸಮುದ್ರ ಸೇರ್ತದ. ಈ ಕಡೆ ಬಿದ್ದದ್ದು ಪುಣೆ ಹಾದು, ಭೀಮಾ ಕೂಡಿ, ನಿಮ್ಮೂರಿಗೆ ಹೋಗ್ತದ” ಎಂದೆ.

ಅವಳು ಬಾಗಿ ದಾರಿ ಬದಿಯ ಝರಿಯಲ್ಲಿ ಕೈ ಅದ್ದಿದಳು. “ಸಮುದ್ರ ಇಷ್ಟು ಹತ್ರ ಇದ್ರೂ ಬಿಟ್ಟು ನಮ್ಮೂರಿಗೆ ಹೊಂಟದೇನ್ರಿ! ಯಾವಾಗ ಮುಟ್ಟತದ?”

“ನಡುವ ಉಜನಿ ಡ್ಯಾಮ್ ಅದ. ಅಲ್ಲಿ ತಡದು ನಿಲ್ಲಸ್ತಾರ.”

“ಅಯ್ಯ ಶಿವನ, ಅದಕ್ಕೂ ಒಬ್ಬ ಸಾಹೇಬ ಇದ್ದಾನೇನ್ರಿ?” ಎಂದಳು. ನಗಲಿಲ್ಲ. ಕೆನ್ನೆ ಒದ್ದೆಯಾಗಿತ್ತು. ಮಳೆಯ ಮೇಲೆ ಹಾಕೋಣವೆಂದರೆ ಅವಳಿಗೆ ಕೊಡೆ ಹಿಡಿದವನು ನಾನೇ.

ಪದ್ಧತಿ ಗಿದ್ಧತಿ ಹಾಳಾಗಿ ಹೋಗಲಿ ಎಂದು ಮರುದಿನವೇ ಅವಳೊಬ್ಬಳನ್ನೇ ಬಸ್ಸು ಹತ್ತಿಸಿದೆ. ಪಂಚಮಿ ಮುಗಿದರೂ ಅವಳು ಇನ್ನೂ ಬಂದಿಲ್ಲ. ಈಗ ಸಂಜೆ ಕೆಲಸ ಬಿಟ್ಟವನು ಪುಣೆಯ ಮುಠಾ ನದಿಯ ಸೇತುವೆ ಮೇಲೆ ನಿಂತು ನೀರು ಹೋಗುವ ದಿಕ್ಕನ್ನೇ ನೋಡುತ್ತಿರುತ್ತೇನೆ. ನಿನ್ನೆ ಪೊಲೀಸನೊಬ್ಬ ಹಿಂದಿನಿಂದ ಬಂದು ಗಟ್ಟಿಯಾಗಿ ರಟ್ಟೆ ಹಿಡಿದ. “ಕಾಯ್ ಝಾಲಂ ಕಾಕಾ? ಘರೀ ಚಲಾ!” ಏನಾಯಿತು ಕಾಕಾ, ಮನೆಗೆ ನಡೆಯಿರಿ ಎಂದ. ನಾನು ಹಾರಲು ನಿಂತಿದ್ದೇನೆಂದು ತಿಳಿದಿದ್ದ. ಇಲ್ಲಪ್ಪಾ, ಹೆಂಡತಿ ತವರಿಗೆ ಹೋಗಿದ್ದಾಳೆ, ಅಷ್ಟೇ ಎಂದೆ. ಹಾಗಾದರೆ ಮಜಾ ಮಾಡಿ ಎಂದು ಬೆನ್ನು ತಟ್ಟಿ ಹೋದ. ಮಜಾವಂತೆ, ಮಜಾ! ಮನೆಗೆ ಬಂದು ಫೋನ್ ಹಚ್ಚಿ, “ಅಲ್ಲಿ ಹೊಳಿ ಹೆಂಗದ?” ಎಂದು ಕೇಳಿದೆ.

“ತುಂಬಿ ಹರ್ಯಾಕತ್ತದ. ನೀವು ಹೆಂಗಿದ್ದೀರಿ?”

ಪಕ್ಕದ ಕೋಣೆಯಿಂದ ಕೇಳಿದಷ್ಟು ಸ್ಪಷ್ಟವಾಗಿ ಕೇಳಿಸಿತು. ನೆಟ್‌ವರ್ಕ್ ಸರಿಯಿಲ್ಲ ಎಂದು ಫೋನ್ ಇಟ್ಟುಬಿಟ್ಟೆ.